ಬರೆಗೆ ಹೊದೆಸುವ ನಾರಿನ ಬಲೆ: ಎಲ್ಲಿ ಸರಿ, ಎಲ್ಲಿ ದಂಡ

ಗುಡ್ಡೆ ತಗ್ಗಿಸಿ ಮನೆಗೆ ಜಾಗ ಸಮ ಮಾಡಿದ ಮೇಲೆ ಹಿಂದೆ ನಿಲ್ಲುವ ಕೆಂಪು ಬರೆಗೆ, ಅಂದರೆ ಕಡಿದ ಮಣ್ಣಿನ ಇಳಿಜಾರಿಗೆ, ಏನು ಹೊದೆಸುವುದು? ಕಾಸರಗೋಡಿನ ಕುಂಬಳೆ, ಬದಿಯಡ್ಕ, ಮುಳ್ಳೇರಿಯ ಕಡೆ ಸಾಮಾನ್ಯವಾಗಿ ಮೂರು ವಸ್ತು ಕಾಣಸಿಗುತ್ತವೆ: ನೀಲಿ ಟಾರ್ಪಾಲು, ನರ್ಸರಿಯ ಹಸಿರು ನೆರಳುಬಲೆ, ತೆಂಗಿನ ನಾರಿನ ಹುರಿಯಿಂದ ನೇಯ್ದ ಬಲೆ. ಮೂರನೆಯದಕ್ಕೆ ಕೇರಳದಲ್ಲಿ ಕಯರ್ ಭೂವಸ್ತ್ರ ಎಂದು ಹೆಸರು. ಉದ್ಯೋಗ ಖಾತರಿ ಕೆಲಸದಲ್ಲಿ ತೋಡಿನ (ಹಳ್ಳದ) ಬದಿಗೆ ಹಾಸಿದ್ದನ್ನು ಹಲವರು ನೋಡಿರಬಹುದು. ಮಾಲು ಒಳ್ಳೆಯದು, ಹೆಚ್ಚಿನ ಮನೆಬರೆಗೆ ಚದರ ಮೀಟರಿಗೆ 400 ಗ್ರಾಂ ತೂಗುವುದೇ ಸಾಕು. ಆದರೆ ಅದು ಮಣ್ಣು ತೊಳೆದು ಹೋಗುವುದನ್ನು ತಡೆಯುತ್ತದೆ, ಬರೆ ಜರಿಯುವುದನ್ನಲ್ಲ. ಈ ಎರಡನ್ನೂ ಒಂದೇ ಮಾಡಿ ಮಾರುವ ಅಂಗಡಿಯಿಂದ ಕೊಳ್ಳದಿರುವುದು ಲೇಸು.

ಕೊಳ್ಳುವಾಗ ತಕ್ಕಡಿ ಹತ್ತಿರ ಇರಲಿ. ಐಎಸ್ 15869 ಎಂಬ ಭಾರತೀಯ ಮಾನಕದಲ್ಲಿ ಇದಕ್ಕೆ ಮೂರು ದರ್ಜೆ: ಚದರ ಮೀಟರಿಗೆ 400, 700, 900 ಗ್ರಾಂ. 2 ಮೀಟರ್ ಅಗಲ, 50 ಮೀಟರ್ ಉದ್ದದ ಸುರುಳಿ ಎಂದರೆ 100 ಚದರ ಮೀಟರ್. ಅಂದರೆ ಒಣಗಿದ ಸುರುಳಿ ಕ್ರಮವಾಗಿ 40, 70, 90 ಕಿಲೋ ತೂಗಬೇಕು. 400ರದ್ದು ಎಂದು ಕೊಟ್ಟ ಸುರುಳಿ 32 ಕಿಲೋ ಬಂದರೆ ಹುರಿ ತೆಳು, ಇಲ್ಲವೇ ಕಣ್ಣು ದೊಡ್ಡದು, ಇಲ್ಲವೇ ಉದ್ದ ಕಡಿಮೆ. ಮಳೆಗೆ ನೆನೆದ ಸುರುಳಿಯ ತೂಕಕ್ಕೆ ಬೆಲೆಯಿಲ್ಲ, ನಾರು ನೀರು ಕುಡಿದಿರುತ್ತದೆ. ಭಾರದ್ದೇ ಒಳ್ಳೆಯದು ಎಂಬ ಲೆಕ್ಕವೂ ತಪ್ಪು. 900 ಗ್ರಾಮಿನದರ ಕಣ್ಣು ಸಣ್ಣದು, ಹುಲ್ಲಿನ ಮೊಳಕೆಗೆ ಮೇಲೆ ಬರಲು ಎಡೆ ಕಡಿಮೆ. ಅದು ನೀರು ರಭಸವಾಗಿ ಹರಿಯುವ ಕಣಿಗೆ (ಅಗೆದ ಕಾಲುವೆಗೆ), ತೋಡಿನ ಬದಿಗೆ ಸರಿ. ಬರೆಯಲ್ಲಿ 400 ಹಾಕಿ, ಉಳಿದ ದುಡ್ಡನ್ನು ಮೊಳೆಗೆ ಹಾಕಿ.

ಬಲೆ ಎಲ್ಲಿ ಬೇಕು ಎನ್ನುವುದನ್ನು ಮಣ್ಣೇ ಹೇಳುತ್ತದೆ. ನಮ್ಮ ಬರೆಗಳಲ್ಲಿ ಮೇಲೆ ಗಟ್ಟಿ ಮುರಕಲ್ಲು (ಜಂಬಿಟ್ಟಿಗೆ), ಕೆಳಗೆ ಬಿಳಿ-ಹಳದಿ-ನೇರಳೆ ಬಣ್ಣದ ಶೇಡಿ ಮಣ್ಣು. ಮುರಕಲ್ಲಿಗೆ ಬಲೆ ಹೊದೆಸುವುದು ದಂಡ. ಮೊಳೆ ಇಳಿಯುವುದಿಲ್ಲ, ಮಳೆಯೂ ಅದನ್ನು ಕರಗಿಸುವುದಿಲ್ಲ. ಶೇಡಿ ಒಣಗಿದಾಗ ಕಲ್ಲಿನಂತೆ ನಿಂತು, ನೀರು ಕುಡಿದರೆ ಹಿಟ್ಟಿನಂತೆ ಹರಿಯುತ್ತದೆ. ಬಲೆ ಅದಕ್ಕೆ ಬೇಕು. ಎರಡರ ನಡುವಿನ ಗೆರೆಯಲ್ಲಿ ಆಟಿ ತಿಂಗಳಲ್ಲಿ (ಜುಲೈ-ಆಗಸ್ಟ್) ಒಸರು ಬಂದರೆ ಆ ನೀರನ್ನು ಪೈಪಿನಲ್ಲಿ ಹೊರಗೆ ತರಬೇಕು. ಬಲೆ ಹೊದೆಸಿ ಕಣ್ಣಿಗೆ ಮರೆ ಮಾಡಿದರೆ ಅಪಾಯ ಒಳಗೇ ಬೆಳೆಯುತ್ತದೆ.

ಇಳಿಜಾರು 45 ಡಿಗ್ರಿಗಿಂತ ಕಡಿದಾದರೆ ಬಲೆ ಮಣ್ಣಿಗೆ ಒರಗದೆ ನೇತಾಡತೊಡಗುತ್ತದೆ. 5 ಸೆಂಟಿನ (ಸೆಂಟು ಎಂದರೆ ಎಕರೆಯ ನೂರನೇ ಒಂದು ಪಾಲು) ಜಾಗದಲ್ಲಿ ಗೋಡೆಯಂತೆ ನೆಟ್ಟಗೆ ಕಡಿದ ಬರೆಗೆ ಇದು ಮದ್ದಲ್ಲ. ಅಲ್ಲಿ ಬೇಕಾದದ್ದು ನೀರು ಇಳಿಯಲು ತೂತು ಬಿಟ್ಟ ತಡೆಗೋಡೆ.

ಲೆಕ್ಕ ಹಾಕುವಾಗ ಬರೆಯ ವಿಸ್ತೀರ್ಣಕ್ಕಷ್ಟೇ ಕೊಂಡರೆ ಕೆಲಸ ಅರ್ಧಕ್ಕೆ ನಿಲ್ಲುತ್ತದೆ. 20 ಮೀಟರ್ ಉದ್ದದ ಬರೆ, ಎತ್ತರ 6 ಮೀಟರ್, ಬುಡ 9 ಮೀಟರ್ ಮುಂದಕ್ಕೆ ಚಾಚಿದೆ ಎಂದುಕೊಳ್ಳಿ. ಇಳಿಜಾರಿನ ಅಳತೆ 10.8 ಮೀಟರ್. ಬರೆಯ ತಲೆಯಲ್ಲಿ ಬಲೆಯ ತುದಿ ಹೂಳುವ ಕಣಿಗೆ 1 ಮೀಟರ್, ಬುಡಕ್ಕೆ ಅರ್ಧ ಮೀಟರ್ ಸೇರಿಸಿದರೆ ಒಂದು ಪಟ್ಟಿ 12.3 ಮೀಟರ್. ಪಟ್ಟಿಯ ಮೇಲೆ ಪಟ್ಟಿ 15 ಸೆಂಟಿಮೀಟರ್ ಕೂರಬೇಕಾದ್ದರಿಂದ 2 ಮೀಟರ್ ಬಲೆಯಲ್ಲಿ ಉಪಯೋಗಕ್ಕೆ ಬರುವುದು 1.85. ಹಾಗಾಗಿ 11 ಪಟ್ಟಿ ಬೇಕು; ಒಂದು ಸುರುಳಿಯಲ್ಲಿ 4 ಪಟ್ಟಿ, ಒಟ್ಟು 3 ಸುರುಳಿ. 216 ಚದರ ಮೀಟರ್ ಬರೆಗೆ 300 ಚದರ ಮೀಟರ್ ಬಲೆ. ಮೊಳೆ 6 ಮಿಲಿಮೀಟರ್ ಸರಳನ್ನು ಯು ಆಕಾರಕ್ಕೆ ಬಗ್ಗಿಸಿದ್ದು, ಕಾಲು 25 ಸೆಂಟಿಮೀಟರ್, ಸುಮಾರು 300. ಸರಳು 37 ಕಿಲೋ ಆಸುಪಾಸು. ಶೇಡಿ ನೆನೆದರೆ ಸಣ್ಣ ಮೊಳೆ ಕೈಯಲ್ಲೇ ಕಿತ್ತು ಬರುತ್ತದೆ, ಅಲ್ಲಿ ಇನ್ನೂ ಉದ್ದದ ಕಾಲು ಬೇಕು.

ಹಾಸುವ ಕ್ರಮ ಕಷ್ಟದ್ದಲ್ಲ, ತಾಳ್ಮೆಯದ್ದು. ಬೇರು, ಕಲ್ಲು ತೆಗೆದು, ಜೆಸಿಬಿ ಹಲ್ಲಿನ ಗೀರುಗಳನ್ನು ಸಮ ಮಾಡಿ, ಹುಲ್ಲಿನ ಬೀಜ ಬಿತ್ತಿ, ಆಮೇಲೆ ಬಲೆ. ಬರೆಯ ತಲೆಯಿಂದ ಸ್ವಲ್ಪ ಹಿಂದೆ 30 ಸೆಂಟಿಮೀಟರ್ ಅಗಲ, ಅಷ್ಟೇ ಆಳದ ಕಣಿಯಲ್ಲಿ ತುದಿಯನ್ನು ಇಳಿಸಿ ಮೊಳೆ ಹೊಡೆದು ಮಣ್ಣು ತುಂಬಿ ದಮ್ಮಸ್ಸು ಹಾಕಬೇಕು. ಸುರುಳಿ ಮೇಲಿನಿಂದ ಕೆಳಗೆ ಬಿಚ್ಚಬೇಕು, ಅಡ್ಡಕ್ಕಲ್ಲ. ಎಳೆದು ಬಿಗಿ ಮಾಡುವುದೇ ದೊಡ್ಡ ತಪ್ಪು. ಚಪ್ಪರದ ಬಟ್ಟೆಯಂತೆ ಬಿಗಿದ ಬಲೆ ತಗ್ಗಿನ ಮೇಲೆ ಸೇತುವೆಯಾಗುತ್ತದೆ, ನೀರು ಅಡಿಯಲ್ಲಿ ದಾರಿ ಮಾಡಿಕೊಳ್ಳುತ್ತದೆ. ಹೊರಗಿನಿಂದ ಬಲೆ ಅಚ್ಚುಕಟ್ಟು, ಒಳಗೆ ಬೆರಳು ಹಾಕಿದರೆ ಮೊಣಕೈವರೆಗೆ ಪೊಟರೆ. ಸಡಿಲ ಬಿಟ್ಟು ಕಾಲಿನಲ್ಲಿ ಒತ್ತಿ, ತಗ್ಗಿದ್ದಲ್ಲೆಲ್ಲ ಒಂದೊಂದು ಮೊಳೆ ಹೆಚ್ಚು ಹೊಡೆಯಿರಿ.

ತಲೆಯ ಕಣಿಯ ಹಿಂದೆ ಮತ್ತೊಂದು ಚರಂಡಿ ಇಲ್ಲದಿದ್ದರೆ ಇದಿಷ್ಟೂ ವ್ಯರ್ಥ. ಗುಡ್ಡೆಯ ಮೇಲಿನ ನೀರು ಬರೆಗೆ ಬೀಳದೆ ಬದಿಗೆ ಸರಿದು ಹೋಗಬೇಕು.

ನಾರು 2-3 ವರ್ಷ ಬಾಳುತ್ತದೆ, ಅಷ್ಟರಲ್ಲಿ ಬೇರು ಹಿಡಿತ ತೆಗೆದುಕೊಳ್ಳಬೇಕು. ಸಾಲಾಗಿ ಲಾವಂಚ ನೆಟ್ಟರೆ ಬೇರು ಆಳಕ್ಕೆ ಹೋಗುತ್ತದೆ. ಮೇ ಮೊದಲ ವಾರದೊಳಗೆ ಬಿತ್ತಿ, ಬೇಸಿಗೆ ಮಳೆ ಕೈಕೊಟ್ಟರೆ ನೀರು ಬಿಟ್ಟು, ಪತ್ತನಾಜೆಯ (ಮೇ ಕೊನೆಯ ವಾರ) ಹೊತ್ತಿಗೆ ಹಸಿರು ಕಾಣಬೇಕು. ಜೂನ್ ನಡುವೆ ಬಿತ್ತಿದ ಬೀಜ ತೋಡಿನ ಪಾಲು.

ಬಲೆಯ ಮೇಲಿನಿಂದಲೂ ಸ್ವಲ್ಪ ಮಣ್ಣು ಇಳಿದೇ ಇಳಿಯುತ್ತದೆ, ಅದು ಕೆಳಗಿನವರ ಅಡಿಕೆ ತೋಟದ ಕಣಿಗೆ, ಕುಡಿಯುವ ನೀರಿಗೆ ಕೊರೆದ ಸುರಂಗದ ಬಾಯಿಗೆ ಹೋಗಿ ಕೂರಬಾರದು. ಇಲ್ಲಿ ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆಯ ಅಳತೆಗಳು ನಮ್ಮ ಸೆಂಟಿನ ಲೆಕ್ಕಕ್ಕೆ ಚೆನ್ನಾಗಿ ಕೂರುತ್ತವೆ. ಹೂಳು ತಡೆಯುವ ಬಟ್ಟೆಬೇಲಿ 100 ಅಡಿಗೆ ಕಾಲು ಎಕರೆ, ಅಂದರೆ ಒಂದು ಸೆಂಟಿಗೆ 4 ಅಡಿ. ಬಟ್ಟೆಯ ಬುಡ ಅರ್ಧ ಅಡಿ ಮಣ್ಣಿನೊಳಗೆ, ಗೂಟ ಇಳಿಜಾರಿನ ಕೆಳಬದಿಗೆ, ಎರಡೂ ತುದಿ ಮೇಲಕ್ಕೆ ತಿರುಗಿರಬೇಕು. ಹೂಳು ಮೂರನೇ ಒಂದು ಪಾಲು ಎತ್ತರಕ್ಕೆ ಬಂದರೆ ತೆಗೆಯಬೇಕು. ತೋಡಿಗೆ ಅಡ್ಡ ಕಟ್ಟಬಾರದು. ಹಸಿರು ನೆರಳುಬಲೆ ಈ ಕೆಲಸಕ್ಕೆ ಬಾರದು. ಅದರ ಕಣ್ಣಿನಲ್ಲಿ ಶೇಡಿ ನೀರು ಹಾಲಿನಂತೆ ಸೋರಿ ಹೋಗುತ್ತದೆ.

ಹೂಳುಗುಂಡಿಗೆ ಎಕರೆಗೆ 3600 ಘನ ಅಡಿ, ಸೆಂಟಿಗೆ 36. 30 ಸೆಂಟಿಗೆ 1080 ಆಗುತ್ತದೆ. 24 ಅಡಿ ಉದ್ದ, 12 ಅಡಿ ಅಗಲ, 4 ಅಡಿ ಆಳ ತೋಡಿದರೆ ಸಾಕು. ನೀರು ಒಂದು ತುದಿಯಲ್ಲಿ ಒಳಗೆ, ಇನ್ನೊಂದು ತುದಿಯಲ್ಲಿ ಹೊರಗೆ. ಮಕ್ಕಳು ಬೀಳದಂತೆ ಸುತ್ತ ಬೇಲಿ. ಆದರೆ ಈ ಅಳತೆ ಹಿಡಿಯುವುದು ಇಡೀ ಜಾಗದ ಮೇಲಿನ 1 ಇಂಚು ನೀರನ್ನು ಮಾತ್ರ. ನಮ್ಮ ಹವಾಮಾನ ಇಲಾಖೆ ಅತಿ ಭಾರಿ ಮಳೆ ಎನ್ನುವುದು ದಿನಕ್ಕೆ 115.6 ಮಿಲಿಮೀಟರಿನಿಂದ ಮೇಲೆ, ಅಂದರೆ ನಾಲ್ಕೂವರೆ ಇಂಚು. ಅಂಥ ದಿನ ಗುಂಡಿ ತುಂಬಿ ಹರಿಯುತ್ತಲೇ ಇರುತ್ತದೆ, ಶೇಡಿಯ ನುಣ್ಣನೆ ಕಣ ತಳಕ್ಕೆ ಕೂರಲು ಸಮಯವೇ ಸಿಗದು. ಗುಂಡಿಯನ್ನು ನಂಬಿ ಬರೆಯನ್ನು ಬತ್ತಲೆ ಬಿಡುವ ಯೋಜನೆ ಕಾಗದದಲ್ಲಷ್ಟೇ ನಡೆಯುತ್ತದೆ.

ಟಾರ್ಪಾಲು? ಅಗೆದು ಹಾಕಿದ ಮಣ್ಣಿನ ರಾಶಿಗೆ, ನಾಲ್ಕು ದಿನದ ಮಟ್ಟಿಗೆ ಅಡ್ಡಿಯಿಲ್ಲ. ಬರೆಗೆ ಹೊದೆಸಿದರೆ ಬಿದ್ದ ನೀರೆಲ್ಲ ಒಂದೇ ಸಮ ಬುಡಕ್ಕೆ ಧುಮುಕಿ ಅಲ್ಲೇ ಕೊರೆಯುತ್ತದೆ. ಹಾಕಲೇಬೇಕಾದರೆ ಬುಡದಲ್ಲಿ ಕಲ್ಲು ಹಾಸಿದ ಕಣಿ ಮೊದಲು ಆಗಲಿ.