ಜೇಡದ ಕಣ್ಣು ಎಣಿಸೋಕೆ ಒಂದು ಕ್ಲಿಪ್ ಲೆನ್ಸ್

ಮೊಬೈಲಿಗೆ ಸಿಕ್ಕಿಸುವ, ಚಿಕ್ಕ ವಸ್ತುವನ್ನು ಹತ್ತಿರದಿಂದ ದೊಡ್ಡದಾಗಿ ತೋರಿಸುವ ಮ್ಯಾಕ್ರೋ ಲೆನ್ಸ್ ಇದು, ₹500ರ ಒಳಗೆ ಸಿಕ್ಕಿತು. ಹೂವು, ಉಂಗುರದ ಫೋಟೋ ತೆಗೆಯೋಕೆ ಅಂತ ಮಾರುತ್ತಾರೆ. ನಾನು ತಗೊಂಡಿದ್ದು ಜೇಡಕ್ಕೆ. ನಮ್ಮದು ಮುಂಬೈಯ ಮುಲುಂಡ್ ವೆಸ್ಟ್, ಹಿಂದೆಯೇ ನ್ಯಾಷನಲ್ ಪಾರ್ಕಿನ ಗುಡ್ಡ, ಮಳೆ ಶುರುವಾಯಿತೆಂದರೆ ಸೊಸೈಟಿ ಗ್ರೂಪಿನಲ್ಲಿ ಯಾರಾದರೂ ಒಂದು ಮಸುಕು ಫೋಟೋ ಹಾಕಿ "ಇದು ಬ್ರೌನ್ ರೆಕ್ಲೂಸ್ ಅಲ್ವಾ?" ಅಂತ ಗಾಬರಿ ಎಬ್ಬಿಸುತ್ತಾರೆ.

ಅದು ಅಮೆರಿಕದ ವಿಷದ ಜೇಡ ಮಾರಾಯ್ರೇ. ಅದರ ದಾಯಾದಿಯೊಂದು ಭಾರತದಲ್ಲೂ ಸಿಕ್ಕಿದೆ, ನಿಜ. ಆದರೆ ಬಣ್ಣ ನೋಡಿ ಹೇಳೋಕೆ ಆಗುವುದಿಲ್ಲ, ಕಂದು ಜೇಡಗಳು ನೂರೆಂಟು. ಕಣ್ಣು ಎಣಿಸಬೇಕು. ಹೆಚ್ಚಿನ ಜೇಡಗಳಿಗೆ ಎಂಟು ಕಣ್ಣು, ರೆಕ್ಲೂಸ್ ಜಾತಿಗೆ ಆರೇ, ಎರಡೆರಡರಂತೆ ಮೂರು ಜೋಡಿ. ನನ್ನ ಮೊಬೈಲಿನಲ್ಲಿ ಸುಮ್ನೆ ತೆಗೆದರೆ ಇದು ಕಾಣುವುದಿಲ್ಲ, ಈ ಲೆನ್ಸ್ ಹಾಕಿದರೆ ಕಾಣುತ್ತದೆ. ದುಡ್ಡು ಅಲ್ಲಿಗೇ ವಸೂಲು.

ಕೆಳಗಿನ ಮನೆ ಶೆಟ್ಟರ ಬಾತ್‌ರೂಮಿನಲ್ಲಿ ಅಂಗೈ ಅಗಲದ್ದೊಂದು ಕೂತಿತ್ತು. ಎರಡು ಸಾಲಿನಲ್ಲಿ ಎಂಟು ಕಣ್ಣು, ಅದರ ಕೆಳಗೆ ಮುಖದ ಮೇಲೆ ಬಿಳಿ ಪಟ್ಟಿ, ಹೊಟ್ಟೆಯಡಿ ಚಪ್ಪಟೆ ಬಿಲ್ಲೆಯಂಥ ಮೊಟ್ಟೆಚೀಲ. ಹಂಟ್ಸ್‌ಮನ್. ಬಲೆ ಕಟ್ಟುವುದಿಲ್ಲ, ಜಿರಳೆ ಹಿಡಿದು ತಿನ್ನುತ್ತದೆ ಅಂದ ಮೇಲೆ ಶೆಟ್ಟರು ಚಪ್ಪಲಿ ಕೆಳಗಿಟ್ಟರು.

ಒಂದು ತೊಡಕು ಇದೆ. ಹಳೇ ಪೇಪರ್ ರಾಶಿಯ ಹಿಂದೆ ಇರುವ ಉಗುಳು ಜೇಡಕ್ಕೂ ಮೂರು ಜೋಡಿ, ಆರೇ ಕಣ್ಣು! ಅದಕ್ಕೇ ಪಕ್ಕದಿಂದಲೂ ಒಂದು ಫೋಟೋ ಬೇಕು: ಇದರ ಮುಂಭಾಗ ಗುಮ್ಮಟದ ಹಾಗೆ ಉಬ್ಬಿರುತ್ತದೆ, ರೆಕ್ಲೂಸಿನದು ಚಪ್ಪಟೆ. ಉಗುಳು ಜೇಡ ನಮಗೇನೂ ಮಾಡುವುದಿಲ್ಲ, ಅಂಟು ಉಗುಳಿ ಹುಳ ಹಿಡಿಯುತ್ತದೆ ಅಷ್ಟೆ.

ವಿಷವೇ ಇಲ್ಲದ ಜೇಡ ತೀರಾ ಕಡಿಮೆ, ಹಾಗಂತ ಮನುಷ್ಯರಿಗೆ ತೊಂದರೆ ಕೊಡುವವು ಬೆರಳೆಣಿಕೆ. ಅಂಥದ್ದರಲ್ಲೊಂದಾದ ವಿಡೋ ಜೇಡದ ಅನುಮಾನ ಬಂದರೆ ಬೆನ್ನಲ್ಲ, ಹೊಟ್ಟೆಯ ಅಡಿ ನೋಡಿ, ಕೆಂಪು ಅಥವಾ ಕಿತ್ತಳೆ ಮರಳುಗಡಿಯಾರದ ಗುರುತು ಇರುತ್ತದೆ. ಬ್ರೌನ್ ವಿಡೋದ ಮುಳ್ಳುಮುಳ್ಳಾದ ಮೊಟ್ಟೆಚೀಲಕ್ಕೆ ಲೆನ್ಸೇ ಬೇಡ. ಹೂಕುಂಡದ ಮೇಲೆ ಬಲೆಯಲ್ಲಿ ಅಡ್ಡತಿಡ್ಡ ಗೆರೆ ಎಳೆದು ಕೂರುವ ಸಿಗ್ನೇಚರ್ ಸ್ಪೈಡರಿಗೂ ಬೇಡ, ಅದು ಪಾಪದ್ದು.

ಈಗ ಲೆನ್ಸಿನ ದೂರು. ಎರಡು ಮೂರು ಸೆಂಟಿಮೀಟರ್ ಹತ್ತಿರ ಹೋಗಲೇಬೇಕು, ಇಲ್ಲದಿದ್ದರೆ ಫೋಕಸ್ ಆಗುವುದಿಲ್ಲ. ಹಾರುವ ಜೇಡವಾದರೆ ಅಷ್ಟರಲ್ಲಿ ಜಾಗ ಖಾಲಿ. ಪಾರದರ್ಶಕ ಪ್ಲಾಸ್ಟಿಕ್ ಡಬ್ಬಿ ಮುಚ್ಚಿ, ಅಡಿಗೆ ಒಂದು ರಟ್ಟು ತೂರಿಸಿಕೊಂಡರೆ ನಿಮಗೂ ಅದಕ್ಕೂ ಕ್ಷೇಮ, ಹೊಟ್ಟೆಯ ಭಾಗವೂ ಸಿಗುತ್ತದೆ. ಫೋಟೋದ ಅಂಚು ಮಸುಕು. ಬ್ಯಾಕ್ ಕವರ್ ಇದ್ದರೆ ಕ್ಲಿಪ್ ಜಾರುತ್ತದೆ. ಮುಖ, ಬೆನ್ನು, ಹೊಟ್ಟೆ ಮೂರೂ ತೆಗೆದು ಐನ್ಯಾಚುರಲಿಸ್ಟ್ ಆ್ಯಪಿಗೆ ಹಾಕಿದರೆ ತಿಳಿದವರು ಯಾರಾದರೂ ಹೆಸರು ಹೇಳುತ್ತಾರೆ. ಕಚ್ಚಿಸಿಕೊಂಡು ನೋವು ಏರುತ್ತಿದ್ದರೆ ಮಾತ್ರ ಆ್ಯಪ್ ಬಿಟ್ಟು ಆಸ್ಪತ್ರೆಗೆ ಹೋಗಿ.

ಐದಕ್ಕೆ ಮೂರೂವರೆ ಕೊಡುತ್ತೇನೆ. ತಗೊಳ್ಳುವುದಾದರೆ ಕ್ಲಿಪ್ಪಿನ ರಬ್ಬರ್ ದಪ್ಪ ಇದೆಯಾ ನೋಡಿ. ನಾಲ್ಕೈದು ಕ್ಯಾಮೆರಾ ಇರುವ ಫೋನಾದರೆ ಮೇನ್ ಯಾವುದು ಅಂತ ಬೆರಳು ಅಡ್ಡ ಇಟ್ಟು ಮೊದಲೇ ಗುರುತು ಮಾಡಿಕೊಳ್ಳಿ.