ಪ್ರೆಸ್ಸಿಗೆ ಫೈಲ್ ಕಳಿಸುವವರಿಗೆ ಸೆವೆನ್-ಜಿಪ್

ಸೆವೆನ್-ಜಿಪ್ ಅಂದರೆ ಫೈಲ್ ಕುಗ್ಗಿಸುವ ತಂತ್ರಾಂಶ ಅಂತ ಎಲ್ಲರಿಗೂ ಗೊತ್ತು. ನಾನು ಪುಸ್ತಕಗಳ ಡಿಟಿಪಿ ಮಾಡುವವನು. ನನಗೆ ಜಾಸ್ತಿ ಉಪಯೋಗಕ್ಕೆ ಬಂದಿರುವುದು ಅದರ ಇನ್ನೊಂದು ಸೌಲಭ್ಯ: ಫೈಲ್ ಮೇಲೆ ರೈಟ್ ಕ್ಲಿಕ್ ಮಾಡಿದರೆ ಸಿಗುವ ‘ಸಿಆರ್‌ಸಿ ಎಸ್‌ಎಚ್‌ಎ’ ಅನ್ನುವ ಮೆನು. ಫೈಲಿನ ಒಳಗಿರುವುದನ್ನೆಲ್ಲ ಲೆಕ್ಕ ಹಾಕಿ, ಅದರ ಬೆರಳಚ್ಚಿನಂಥ ಅಂಕಿ-ಅಕ್ಷರಗಳ ಒಂದು ಸಾಲನ್ನು (ಹ್ಯಾಶ್) ಅದು ಕೊಡುತ್ತದೆ. ಎಸ್‌ಎಚ್‌ಎ-256, ಸಿಆರ್‌ಸಿ-32 ಇವೆಲ್ಲ ಹಾಗೆ ಲೆಕ್ಕ ಹಾಕುವ ಬೇರೆ ಬೇರೆ ವಿಧಾನಗಳು.

ಪ್ರೆಸ್ಸಿಗೆ ಪಿಡಿಎಫ್ ಕಳಿಸುವವರಿಗೆ ಈ ತಲೆನೋವು ಹೊಸದಲ್ಲ. ‘ಫೈನಲ್’, ‘ಫೈನಲ್ 2’, ‘ಫೈನಲ್ ಹೊಸದು’ ಅಂತ ಮೂರು ಫೈಲು. ಲೇಖಕರು ಕೊನೇ ಗಳಿಗೆಯಲ್ಲಿ ಒಂದು ಒತ್ತಕ್ಷರ ತಿದ್ದಿಸಿರುತ್ತಾರೆ. ಪುಟಗಳು ಅಷ್ಟೇ, ಗಾತ್ರವೂ ಹೆಚ್ಚುಕಮ್ಮಿ ಅಷ್ಟೇ. ಪ್ರೆಸ್ಸಿನಲ್ಲಿ ಮುದ್ರಣದ ಪ್ಲೇಟ್ ಮಾಡುವ ಹುಡುಗ ಫೋನ್ ಮಾಡಿ, “ಸರ್, ಇದೇ ಫೈಲ್ ಅಲ್ವಾ?” ಅನ್ನುತ್ತಾನೆ. “ಎಸ್‌ಎಚ್‌ಎ-256 ಒತ್ತಿ, ಮೊದಲಿನ ಆರು, ಕೊನೇ ಆರು ಓದಪ್ಪಾ” ಅನ್ನುತ್ತೇನೆ. ಎರಡೂ ಕಡೆ ತಾಳೆಯಾದರೆ ಪ್ಲೇಟ್ ಹಾಕಬಹುದು.

ಫೈಲ್ ಎಷ್ಟೇ ದೊಡ್ಡದಿರಲಿ, ಎಸ್‌ಎಚ್‌ಎ-256 ಕೊಡುವುದು 64 ಅಕ್ಷರಗಳ ಒಂದು ಸಾಲು, ಅಷ್ಟೇ. ಫೈಲಿನ ಹೆಸರು ಬದಲಿಸಿದರೆ ಅದು ಬದಲಾಗುವುದಿಲ್ಲ. ಒಳಗೆ ಒಂದು ಪೂರ್ಣವಿರಾಮ ಬದಲಿಸಿ ನೋಡಿ, ಗುರುತೇ ಸಿಗದ ಹಾಗೆ ಇಡೀ ಸಾಲು ಬೇರೆಯಾಗುತ್ತದೆ. ಒಂದು ಎಚ್ಚರ: ಏನೂ ತಿದ್ದದೆ ಅದೇ ಪಿಡಿಎಫ್ ಅನ್ನು ಮತ್ತೆ ಎಕ್ಸ್‌ಪೋರ್ಟ್ ಮಾಡಿದರೂ ಹ್ಯಾಶ್ ಬೇರೆ ಬರುತ್ತದೆ, ಏಕೆಂದರೆ ತಯಾರಾದ ಸಮಯ ಅದರೊಳಗೆ ಸೇರಿರುತ್ತದೆ. ಕಳಿಸಿದ ಫೈಲನ್ನೇ ಇಟ್ಟುಕೊಳ್ಳಿ.

ಅದೇ ಮೆನುವಿನಲ್ಲಿ ಸಿಆರ್‌ಸಿ-32 ಇದೆ, ಬರೀ 8 ಅಕ್ಷರ. ಡೌನ್‌ಲೋಡ್ ಆಗುವಾಗ ಫೈಲ್ ಕೆಟ್ಟಿದೆಯಾ ಅಂತ ನೋಡೋಕೆ ಸಾಕು. ಯಾರಾದರೂ ಬೇಕಂತಲೇ ಕೈಯಾಡಿಸಿದ್ದರೆ ಅದನ್ನು ನಂಬಬಾರದು. ಎಸ್‌ಎಚ್‌ಎ-1 ಕೂಡ ಬೇಡ. 2017ರಲ್ಲಿ ಗೂಗಲ್ ಮತ್ತು ಆಮ್‌ಸ್ಟರ್‌ಡ್ಯಾಮ್‌ನ ಸಿಡಬ್ಲ್ಯುಐ ಸಂಶೋಧನಾ ಸಂಸ್ಥೆಯವರು ಒಂದೇ ಎಸ್‌ಎಚ್‌ಎ-1 ಬರುವ ಎರಡು ಬೇರೆ ಬೇರೆ ಫೈಲ್ ಮಾಡಿ ತೋರಿಸಿದರು. ಅವೂ ಪಿಡಿಎಫ್‌ಗಳೇ!

ಇನ್ನು ಕುಗ್ಗಿಸುವ ವಿಷಯ. ಪಿಡಿಎಫ್, ಜೆಪೆಗ್ ಹಾಕಿ ಪವಾಡ ಕಾಯಬೇಡಿ, ಅವು ಮೊದಲೇ ಕುಗ್ಗಿರುತ್ತವೆ. ಆದರೆ ಯುನಿಕೋಡ್ ಕನ್ನಡ ಪಠ್ಯ ಹಾಕಿ ನೋಡಿ, ಮಜಾ ಬರುತ್ತದೆ. ಯುನಿಕೋಡನ್ನು ಬೈಟುಗಳಾಗಿ ಬರೆದಿಡುವ ಯುಟಿಎಫ್-8 ಪದ್ಧತಿಯಲ್ಲಿ ‘ಕ’ಗೆ ಮೂರು ಬೈಟು, ‘ಕಾ’ಗೆ ಆರು. ಪ್ರತಿ ಮೂರರಲ್ಲಿ ಮೊದಲನೆಯದು ಎಲ್ಲಾ ಕನ್ನಡ ಅಕ್ಷರಕ್ಕೂ ಒಂದೇ. ಎರಡನೆಯದಕ್ಕೂ ಇರುವುದು ಎರಡೇ ಆಯ್ಕೆ. ಇಷ್ಟೊಂದು ಪುನರಾವರ್ತನೆ ಸಿಕ್ಕರೆ ಕುಗ್ಗಿಸುವವನಿಗೆ ಹಬ್ಬ. ಸಾಮಾನ್ಯ ಜಿಪ್‌ನ ಡಿಫ್ಲೇಟ್ ಅನ್ನುವ ಕುಗ್ಗಿಸುವ ವಿಧಾನ ಹಿಂದಿನ 32 ಕೆಬಿ ಮಾತ್ರ ತಿರುಗಿ ನೋಡುತ್ತದೆ. ಸೆವೆನ್-ಜಿಪ್‌ನ ಎಲ್‌ಜೆಡ್‌ಎಂಎ ವಿಧಾನ ಹಲವು ಎಂಬಿ ಹಿಂದಕ್ಕೂ ನೋಡುತ್ತದೆ. ಹಾಗಾಗಿ ಮೊದಲ ಅಧ್ಯಾಯದಲ್ಲಿ ಬಂದ ಪದ್ಯ ಕೊನೇ ಅಧ್ಯಾಯದಲ್ಲಿ ಮತ್ತೆ ಬಂದರೆ ಪೂರ್ತಿ ಬರೆಯದೆ, ಹಿಂದಿನದನ್ನೇ ನೋಡಿಕೋ ಅನ್ನುತ್ತದೆ. ಕನ್ನಡದ ಫೈಲ್ ಹೆಸರುಗಳೂ ಸೆವೆನ್-ಜಿಪ್‌ನ ಸ್ವಂತ ಬಗೆಯಾದ 7ಜೆಡ್ ಫೈಲಿನ ಒಳಗೆ ಕೆಡದೆ ಉಳಿಯುತ್ತವೆ.

ರಷ್ಯಾದ ಪ್ರೋಗ್ರಾಮರ್ ಇಗೊರ್ ಪಾವ್ಲೊವ್ ಸೆವೆನ್-ಜಿಪ್ ಅನ್ನು 1999ರಿಂದ ಕೊಡುತ್ತಾ ಬಂದಿದ್ದಾರೆ. ಉಚಿತ, ಜಾಹೀರಾತಿಲ್ಲ, ‘ದುಡ್ಡು ಕಟ್ಟಿ’ ಅಂತ ಪೀಡಿಸುವುದೂ ಇಲ್ಲ. ನೋಡೋಕೂ 1999ರ ಹಾಗೇ ಇದೆ, ಅದು ಬೇರೆ ಮಾತು.

ದೂರುಗಳೂ ಇವೆ. ವಿಂಡೋಸ್ 11ರಲ್ಲಿ ಆ ‘ಸಿಆರ್‌ಸಿ ಎಸ್‌ಎಚ್‌ಎ’ ಮೆನು ನೇರ ಸಿಗಲಿಲ್ಲ, ‘ಶೋ ಮೋರ್ ಆಪ್ಷನ್ಸ್’ ಒಳಗೆ ಹೋಗಬೇಕಾಯಿತು. ಹೊಸಬರಿಗೆ ಫೋನಿನಲ್ಲಿ ಇದನ್ನು ಹೇಳಿಕೊಡುವಷ್ಟರಲ್ಲಿ ಸಾಕಾಗುತ್ತದೆ. ನನ್ನಲ್ಲಿರುವ ಆವೃತ್ತಿಯ ಭಾಷೆಗಳ ಪಟ್ಟಿಯಲ್ಲಿ ತಮಿಳು, ಮರಾಠಿ, ಸಂಸ್ಕೃತ ಕೂಡ ಇವೆ, ಕನ್ನಡ ಇಲ್ಲ. ಪಾಸ್‌ವರ್ಡ್ ಹಾಕಿದರೂ ಒಳಗಿನ ಫೈಲ್ ಹೆಸರುಗಳು ಎಲ್ಲರಿಗೂ ಕಾಣುತ್ತವೆ. ‘ಎನ್‌ಕ್ರಿಪ್ಟ್ ಫೈಲ್ ನೇಮ್ಸ್’ ಬೇರೆಯಾಗಿ ಟಿಕ್ ಮಾಡಬೇಕು.

ಇನ್ನೊಂದು, ಇದು ತಾನಾಗೇ ಅಪ್‌ಡೇಟ್ ಆಗುವುದಿಲ್ಲ. 24.09ಕ್ಕಿಂತ ಹಳೆಯದರಲ್ಲಿ ಒಂದು ಸುರಕ್ಷತಾ ದೋಷವಿತ್ತು: ನೆಟ್‌ನಿಂದ ಬಂದ ಫೈಲಿಗೆ ವಿಂಡೋಸ್ ಹಾಕುವ ಎಚ್ಚರಿಕೆಯ ಗುರುತು ಬಿಚ್ಚುವಾಗ ತಪ್ಪಿಹೋಗಬಹುದಿತ್ತು. ಹೆಲ್ಪ್ ಮೆನುವಿನಲ್ಲಿ ‘ಅಬೌಟ್’ ಒತ್ತಿ ನಿಮ್ಮದು ಎಷ್ಟನೆಯದು ನೋಡಿಕೊಳ್ಳಿ. ಹಳೆಯದಿದ್ದರೆ ಅಧಿಕೃತ ತಾಣದಿಂದಲೇ ಹೊಸದು ಇಳಿಸಿ, ಇದೇ ಹೆಸರಿನ ನಕಲಿ ತಾಣಗಳೂ ಇವೆ.