ಹೈರೂಲ್‌ನ ರಕ್ತಚಂದ್ರ: ‘ಬ್ರೆತ್ ಆಫ್ ದ ವೈಲ್ಡ್’ ಆಟದ ವಿಮರ್ಶೆ

ಹೈರೂಲ್ ಎಂಬ ಕಲ್ಪಿತ ರಾಜ್ಯದಲ್ಲಿ ಕೆಲವು ರಾತ್ರಿ ಚಂದ್ರ ಕೆಂಪಗೆ ಹುಟ್ಟುತ್ತಾನೆ. ಗಂಟೆ 11.30 ದಾಟುತ್ತಿದ್ದಂತೆ ಕೆಂಡದ ಕಿಡಿಗಳಂತಹ ಕಣಗಳು ಗಾಳಿಯಲ್ಲಿ ತೇಲತೊಡಗುತ್ತವೆ, ಹಿನ್ನೆಲೆ ಸಂಗೀತದಲ್ಲಿ ಕಳವಳ ಸೇರಿಕೊಳ್ಳುತ್ತದೆ, ನಡುರಾತ್ರಿಗೆ ಸರಿಯಾಗಿ ಆಟ ನಿಂತು ಒಂದು ಕಿರುದೃಶ್ಯ ಪರದೆಯನ್ನು ಆವರಿಸುತ್ತದೆ. ಆಟಗಾರ ಅಲ್ಲಿಯವರೆಗೆ ಕೊಂದ ರಾಕ್ಷಸರು ಕಪ್ಪು ಹೊಗೆಯೊಳಗಿಂದ ಮತ್ತೆ ಎದ್ದು ನಿಲ್ಲುತ್ತಾರೆ. ಗ್ಯಾನನ್ ಎಂಬ ಅನಿಷ್ಟವನ್ನು ನೂರು ವರ್ಷಗಳಿಂದ ಕೋಟೆಯೊಳಗೆ ತಡೆದು ಹಿಡಿದಿರುವ ರಾಜಕುಮಾರಿ ಜೆಲ್ಡಾಳ ದನಿ ಮಾತ್ರ ಎಲ್ಲಿಂದಲೋ ಕೇಳಿಬಂದು, ನಾಯಕ ಲಿಂಕ್‌ನನ್ನು ಜೋಪಾನವಾಗಿರು ಎಂದು ಎಚ್ಚರಿಸುತ್ತದೆ. ನಿಂಟೆಂಡೊ ಸಂಸ್ಥೆ 2017ರ ಮಾರ್ಚ್ 3ರಂದು ಸ್ವಿಚ್ ಮತ್ತು ವೀ ಯು ಕನ್ಸೋಲ್‌ಗಳಿಗೆ ಬಿಡುಗಡೆ ಮಾಡಿದ ಈ ಆಟವನ್ನು ಇದೊಂದು ಚಂದ್ರನನ್ನು ಮುಂದಿಟ್ಟುಕೊಂಡೇ ತೂಗಿ ನೋಡಬಹುದು ಎಂದು ನನಗನ್ನಿಸುತ್ತದೆ.

ವಿಶಾಲವಾದ ಲೋಕದಲ್ಲಿ ಆಟಗಾರನನ್ನು ಮನಬಂದಂತೆ ಅಲೆಯಲು ಬಿಡುವ ಯಾವ ಆಟಕ್ಕೂ ಒಂದು ತೊಡಕು ತಪ್ಪಿದ್ದಲ್ಲ. ಕೊಂದ ಶತ್ರುಗಳು, ಎತ್ತಿಕೊಂಡ ಆಯುಧಗಳು ಶಾಶ್ವತವಾಗಿ ಇಲ್ಲವಾದರೆ ಲೋಕ ಬರಿದಾಗುತ್ತದೆ. ಬೆನ್ನು ತಿರುಗಿಸಿದ ಕೂಡಲೇ ಮರಳಿ ಬಂದರೆ ಗೆಲುವಿಗೆ ಬೆಲೆಯಿರುವುದಿಲ್ಲ. ಎಷ್ಟೋ ಆಟಗಳು ಈ ಲೆಕ್ಕವನ್ನು ಸದ್ದಿಲ್ಲದೆ ಸರಿಪಡಿಸಿಕೊಂಡು, ಆಡುವವರ ಕಣ್ಣಿಗೆ ಬೀಳದಿದ್ದರೆ ಸಾಕು ಎಂದುಕೊಳ್ಳುತ್ತವೆ. ಇಲ್ಲಿ ಅದೇ ಲೆಕ್ಕವನ್ನು ಆಕಾಶಕ್ಕೇರಿಸಿ ಪುರಾಣ ಮಾಡಿದ್ದಾರೆ. ಆಟದ ಒಂದು ಗಂಟೆ ನಮ್ಮ ಒಂದು ನಿಮಿಷಕ್ಕೆ ಸಮ, ಅಲ್ಲಿನ ಒಂದು ದಿನ ನಮಗೆ 24 ನಿಮಿಷ. ಅಂತಹ ಏಳು ದಿನ, ಅಂದರೆ 2 ಗಂಟೆ 48 ನಿಮಿಷ ಆಡಿದ ಮೇಲೆ ಬರುವ ನಡುರಾತ್ರಿ ರಕ್ತಚಂದ್ರನದು. ಬೆಂಕಿಯ ಪಕ್ಕ ಕೂತು ರಾತ್ರಿಯನ್ನು ಬೆಳಗು ಮಾಡಿಕೊಂಡ ಹೊತ್ತು ಈ ಎಣಿಕೆಗೆ ಸೇರುವುದಿಲ್ಲವಾದ್ದರಿಂದ ಅವನನ್ನು ಅವಸರದಿಂದ ಕರೆಸಿಕೊಳ್ಳುವ ಉಪಾಯವಿಲ್ಲ.

ಕೈಯಲ್ಲಿ ಮುರುಕಲು ಕತ್ತಿ, ಪ್ರಾಣಕ್ಕೆ ಮೂರೇ ಹೃದಯಗಳಿರುವ ಆರಂಭದ ದಿನಗಳಲ್ಲಿ ಈ ಕೆಂಪು ನಿಜಕ್ಕೂ ಹೆದರಿಸುತ್ತದೆ. ಆದರೆ ಈ ಆಟದಲ್ಲಿ ಆಯುಧಗಳು ಬಳಸಿದಷ್ಟೂ ಸವೆದು ಮುರಿಯುತ್ತವೆ, ಒಳ್ಳೆಯ ಆಯುಧ ಸಿಗುವುದು ಬಲಿಷ್ಠ ಶತ್ರುಗಳ ಬಳಿ. ಹಾಗಾಗಿ ಮನುಷ್ಯನ ಮುಂಡಕ್ಕೆ ಸಿಂಹದ ಮುಖ, ಕುದುರೆಯ ಮೈ ಕೂಡಿದ ಲೈನೆಲ್ ಎಂಬ ರಾಕ್ಷಸ ಎಲ್ಲೆಲ್ಲಿದ್ದಾನೆಂದು ನಕ್ಷೆಯ ಮೇಲೆ ಗುರುತು ಹಾಕಿಕೊಂಡ ಆಟಗಾರನೇ ಕೆಲವು ವಾರಗಳ ನಂತರ ಚಂದ್ರ ಯಾವಾಗ ಕೆಂಪಾಗುತ್ತಾನೋ ಎಂದು ಕಾಯತೊಡಗುತ್ತಾನೆ. ಒಂದು ಗೆರೆಯೂ ಬದಲಾಗದ ಅದೇ ದೃಶ್ಯ ಭಯದಿಂದ ನಿರೀಕ್ಷೆಗೆ ತಿರುಗುವುದು ಆಡುವವನೇ ಬದಲಾಗಿರುವುದರಿಂದ. ಇಡೀ ಆಟದಲ್ಲಿ ನಾನು ಅತ್ಯಂತ ಮೆಚ್ಚಿದ ಸಂಗತಿಯಿದು.

ಕನ್ನಡದ ಆಟಗಾರರಿಗೆ ಇದರಲ್ಲೊಂದು ತಮಾಷೆ ಕಾಣದಿರದು. 2025ರ ಸೆಪ್ಟೆಂಬರ್ 7ರ ರಾತ್ರಿ ಸುಮಾರು 11ರಿಂದ 12.22ರವರೆಗೆ ನಮ್ಮ ಆಕಾಶದಲ್ಲೂ ಚಂದ್ರ ಪೂರ್ತಿ ಗ್ರಹಣ ಹಿಡಿದು ತಾಮ್ರದ ಬಣ್ಣಕ್ಕೆ ತಿರುಗಿದ್ದ. ಭೂಮಿಯ ನೆರಳಿನೊಳಗೆ ನಮ್ಮ ವಾತಾವರಣ ಬಾಗಿಸಿ ಕಳುಹಿಸಿದ ಕೆಂಪು ಬೆಳಕಷ್ಟೇ ಅವನನ್ನು ತಲುಪುವುದು ಅದಕ್ಕೆ ಕಾರಣ. ಅಂತಹ ಹೊತ್ತಿನಲ್ಲಿ ಒಲೆ ಹೊತ್ತಿಸಬಾರದು, ಇರುವ ಪದಾರ್ಥಗಳ ಮೇಲೂ ದರ್ಭೆ ಹಾಕಿಡಬೇಕು ಎನ್ನುವ ಮನೆಗಳು ನಮ್ಮಲ್ಲಿ ಇಂದಿಗೂ ಇವೆ. ಹೈರೂಲ್‌ನಲ್ಲಿ ಶಾಸ್ತ್ರ ತಲೆಕೆಳಗು. ರಕ್ತಚಂದ್ರನ ರಾತ್ರಿ 11.30ರಿಂದ 12.15ರ ನಡುವೆ ಪಾತ್ರೆಗೆ ಹಾಕಿದ್ದೆಲ್ಲ ತಪ್ಪದೆ ಹೆಚ್ಚಿನ ಫಲ ಕೊಡುತ್ತದೆ: ಹೃದಯಗಳು ಹೆಚ್ಚಬಹುದು, ಅಡುಗೆಯ ಗುಣ ಒಂದು ಮೆಟ್ಟಿಲು ಏರಬಹುದು, ಅದರ ಪರಿಣಾಮ ಇನ್ನಷ್ಟು ಹೊತ್ತು ಉಳಿಯಬಹುದು. ಬೇರೆ ದಿನಗಳಲ್ಲಿ ಅದೃಷ್ಟವಿದ್ದರೆ ಮಾತ್ರ ಒದಗುವ ಲಾಭವಿದು. ಆಟದ ಗಡಿಯಾರದ ಆ ಮುಕ್ಕಾಲು ಗಂಟೆ ನಮಗೆ ಮುಕ್ಕಾಲು ನಿಮಿಷವೇ ಆದರೂ, ಪದಾರ್ಥಗಳ ಚೀಲ ತೆರೆದಾಗ ಸಮಯ ನಿಲ್ಲುವುದರಿಂದ ಬಾಳೆಹಣ್ಣನ್ನೂ ಮಾಂಸವನ್ನೂ ನಿಧಾನವಾಗಿ ಆರಿಸಿ ಹಲವು ಪಾಕ ಮುಗಿಸಬಹುದು.

ರಿಡ್ಜ್‌ಲ್ಯಾಂಡ್ ಸೀಮೆಯಲ್ಲಿ ಒಂದು ಶಿಲಾಪೀಠವಿದೆ. ಅಕಾರ್ಡಿಯನ್ ನುಡಿಸುತ್ತಾ ಊರೂರು ಸುತ್ತುವ ಕ್ಯಾಸ್ ಎಂಬ ಹಕ್ಕಿಮೈಯ ಗಾಯಕನ ಪದದಲ್ಲಿ ಅದರ ಗುಟ್ಟು ಅಡಗಿದ್ದು, ರಕ್ತಚಂದ್ರನಿರುವಾಗ ತೊಟ್ಟದ್ದನ್ನೆಲ್ಲ ಕಳಚಿ ಅದರ ಮೇಲೆ ನಿಂತರೆ ನೆಲದೊಳಗಿನ ಗುಡಿ ಮೇಲೇಳುತ್ತದೆ. ಕಲ್ಪನೆ ಸೊಗಸಾಗಿದೆ, ಆದರೆ ಸರಿಯಾದ ರಾತ್ರಿಗಾಗಿ ಕಾಯುವ ಬೇಸರವನ್ನು ಕಳೆಯಲು ಅಲ್ಲಿ ಇನ್ನೇನೂ ಇಟ್ಟಿಲ್ಲ.

ದೋಷಗಳೂ ಇವೆ. ಪ್ರತಿ ಸಲವೂ ಅದೇ ಕಿರುದೃಶ್ಯ, ಹೆಚ್ಚುಕಡಿಮೆ ಅದೇ ಮಾತು. ದಾಟಿ ಹೋಗಲು ಗುಂಡಿಯಿರುವುದು ಪುಣ್ಯ. ಇದಕ್ಕಿಂತ ದೊಡ್ಡದು, ಯಂತ್ರದ ಮೆಮೊರಿ ತುಂಬುವಂತಾದಾಗ ಆಟ ತನ್ನ ಭಾರ ಇಳಿಸಿಕೊಳ್ಳಲು ಅಕಾಲದಲ್ಲಿ, ಹಾಡಹಗಲಿನಲ್ಲೂ, ರಕ್ತಚಂದ್ರನನ್ನು ತಂದುಬಿಡುತ್ತದೆ. ಕುಸಿದು ನಿಲ್ಲುವುದಕ್ಕಿಂತ ಇದು ಎಷ್ಟೋ ಮೇಲು, ನಿಜ. ಆದರೆ ಕಿಡಿಗಳಿಲ್ಲದೆ, ಸಂಗೀತದ ಮುನ್ಸೂಚನೆಯಿಲ್ಲದೆ ಬಂದ ಚಂದ್ರ ಪುರಾಣದ ಹಿಂದಿನ ಹಗ್ಗ ರಾಟೆಗಳನ್ನು ತೋರಿಸಿಬಿಡುತ್ತಾನೆ.

2023ರ ಮೇ 12ರಂದು ಬಂದ ಮುಂದಿನ ಭಾಗ ‘ಟಿಯರ್ಸ್ ಆಫ್ ದ ಕಿಂಗ್‌ಡಮ್’ನಲ್ಲೂ ರಕ್ತಚಂದ್ರ ಉಂಟು. ಅಲ್ಲಿ ನೆಲದಡಿಯಲ್ಲಿ ಹೈರೂಲ್‌ನಷ್ಟೇ ವಿಶಾಲವಾದ ಕತ್ತಲ ಲೋಕವೊಂದಿದ್ದು, ಆಕಾಶದ ಚೂರೂ ಕಾಣದ ಆ ಆಳದಲ್ಲಿ ಅಲೆಯುತ್ತಿರುವಾಗಲೂ ಚಂದ್ರನ ಅದೇ ಕಿರುದೃಶ್ಯ ಬರುತ್ತದೆ. ಅಲ್ಲಿಗೆ ತಕ್ಕ ಬೇರೆ ಚಿತ್ರವೊಂದನ್ನು ಮಾಡಬಹುದಿತ್ತು. ಎರಡರಲ್ಲಿ ಒಂದನ್ನೇ ಕೊಳ್ಳುವವರು ಮೊದಲನೆಯದನ್ನು ಆರಿಸಿಕೊಳ್ಳಲಿ, 2025ರ ಜೂನ್‌ನಲ್ಲಿ ಬಂದ ಸ್ವಿಚ್ 2 ಕನ್ಸೋಲ್ ಇದ್ದವರು ಅದರ ಪರಿಷ್ಕೃತ ಆವೃತ್ತಿಯನ್ನೇ ಆಡಲಿ. ಯಾವ ಆವೃತ್ತಿಯಲ್ಲೂ ಕನ್ನಡದ ಆಯ್ಕೆಯಿಲ್ಲವಾದ್ದರಿಂದ ಮಕ್ಕಳಿಗೆ ಕೊಡಿಸುವವರು ಕ್ಯಾಸ್‌ನ ಒಗಟಿನ ಪದಗಳು ಎದುರಾದಾಗ ಪಕ್ಕದಲ್ಲಿ ಕೂರುವುದು ಒಳ್ಳೆಯದು.